ಸುಗುಣಳ ಕೈಯ ಹಗ್ಗ

ಪಂಪು ನೀರೆಳೆಯುತ್ತಿಲ್ಲವೆಂದು ಕುಂಭಾಶಿಯ ಚಂದಯ್ಯ ಬಾವಿಗೆ ಬಗ್ಗಿ ಬೈದರು. ಬೈಗುಳ ಮುಗಿಯುವ ಮೊದಲೇ ಹಲ್ಲಿನ ಸೆಟ್ಟು ಬಾಯಿಂದ ಜಾರಿ ಬಾವಿಗೆ ಬಿತ್ತು. ಮುಂಬೈ ಹೋಟೆಲಿನ ಗಲ್ಲಾಪೆಟ್ಟಿಗೆಯ ಮುಂದೆ ಕೂತು ಮಾಣಿಗಳನ್ನು ಗದರಿಸಿದ ಬಾಯಿ ಈಗ ಕರವಸ್ತ್ರದ ಹಿಂದೆ ಅಡಗಿ, ಫೋನಿನಲ್ಲಿ ಬಚ್ಚನನ್ನು ಕರೆಯಬೇಕಾಯಿತು.

ಬಾವಿಗೆ ಬಿದ್ದದ್ದನ್ನು ಎತ್ತುವುದರಲ್ಲಿ ಬಚ್ಚನಿಗೆ ಹೆಸರು. ಹೆಸರು ಅವನದು, ಹಗ್ಗ ಹೆಂಡತಿ ಸುಗುಣಳದು. ಮದುವೆಯಾದ ವರ್ಷ ಹಗ್ಗ ಹಿಡಿದಿದ್ದ ಭಾವ ಫೋನ್ ಬಂತೆಂದು ಒಂದು ಕೈ ಬಿಟ್ಟಿದ್ದ. ಬಚ್ಚನ ಮೊಣಕೈಯ ಚರ್ಮವೆಲ್ಲ ಬಾವಿಯ ಗೋಡೆಗೆ ಹೋಯಿತು. ಅಂದಿನಿಂದ ಗೋಡಂಬಿ ಕಾರ್ಖಾನೆಗೆ ಅರ್ಧ ದಿನ ರಜೆ ಹಾಕಿಯಾದರೂ ಸುಗುಣಳೇ ಬರುತ್ತಾಳೆ. ಹಗ್ಗವನ್ನು ತೆಂಗಿನಮರಕ್ಕೆ ಮೂರು ಸುತ್ತು ಸುತ್ತಿ, ತುದಿಯನ್ನು ಚೂರುಚೂರೇ ಸಡಿಲ ಬಿಡುತ್ತಾಳೆ. ಭಾರ ಮರದ ಮೇಲೆ, ಅಧಿಕಾರ ಅವಳ ಕೈಯಲ್ಲಿ.

ಬಚ್ಚ ಕಡಿಮೆ ವೋಲ್ಟೇಜಿನ ಫ್ಯಾನಿನಂತೆ ತಿರುಗುತ್ತ ಇಳಿದ. ಅರ್ಧದಲ್ಲಿ ಹಗ್ಗ ನಿಂತಿತು. ಮೇಲಿಂದ ಸುಗುಣ ಕೂಗಿದಳು:

"ಹ್ವಾಯ್, ಮಗಳ್ ಮೋಕ್ಷಿತಾನ ಕಾಲೇಜಿನವ್ರ್ ಬಾದಾಮಿಗೆ ಬಂಡೆ ಹತ್ತುಕೆ ಹೋತ್ರಂಬ್ರ್. ಹೆಸ್ರ್ ಕೊಡುಕೆ ಇವತ್ತೇ ಕಡೆ."

"ಬೇಡ ಅಂದ್ನಲೆ! ಹೆಣ್ ಹುಡ್ಗಿ ಹಗ್ಗಕ್ಕೆ ನೇತಾಡುದಾ? ಮರ್ಯಾದೆ ಬೇಡ್ದಾ?" ಎಂದ, ಹಗ್ಗಕ್ಕೆ ನೇತಾಡುತ್ತಿದ್ದ ಬಚ್ಚ.

"ಎಂತ? ಕೇಂತಿಲ್ಲೆ."

"ಇಳ್ಸೆ ಮಾರಾಯ್ತಿ!"

ಸುಗುಣ ಹಗ್ಗದ ತುದಿಯನ್ನು ಮರಕ್ಕೆ ಬಿಗಿದು, ಬಾವಿಕಟ್ಟೆಯ ಮೇಲೆ ಕೂತು ಎಲೆಯಡಿಕೆ ಬಿಚ್ಚಿದಳು. ರಾಜಿ ಮಾಡಿಸೋಣವೆಂದು ಚಂದಯ್ಯ ಬಾಯಿ ತೆರೆದರು. ಹಲ್ಲಿಲ್ಲದ ನ್ಯಾಯ ಬರೀ ಗಾಳಿಯಾಗಿ ಹೊರಬಂತು. ಬಚ್ಚನ ಮಗಳಿಗೆ ತಾನೇ ಹೂಂ ಅಂದುಬಿಡೋಣವೇ ಅನ್ನಿಸಿತು ಅವರಿಗೆ.

ಬಾವಿಯೊಳಗೆ ಬಚ್ಚ ಮೊಣಕೈಯ ಹಳೆಯ ಕಲೆ ಸವರಿಕೊಂಡ. ಆಮೇಲೆ ಸಣ್ಣ ದನಿ: "ಅಲ್ಲಿ ಹಗ್ಗ ಹಿಡಿವವ್ರ್ ಫೋನ್ ಇಟ್ಕಂತ್ರಾ?"

"ಮುಟ್ಟುವಂಗೇ ಇಲ್ಲೆ ಅಂಬ್ರ್. ಮೋಕ್ಷಿತಾ ಕೇಂಡ್ಕಂಡ್ ಬಂದಿತ್."

"ಹಂಗಾರೆ... ಹೋಯ್ಲಿ."

ಹಗ್ಗ ಮೆಲ್ಲ ಸರಿಯಿತು. ಮೊಣಕಾಲುದ್ದ ನೀರಲ್ಲಿ ತಡಕಾಡಿ ಬಚ್ಚ ಹಲ್ಲು ಹುಡುಕಿದ. ಮೇಲೆಳೆಯುವಾಗ ಚಂದಯ್ಯನಿಗೂ ಕೈ ಹಾಕಲು ಅನುಮತಿ ಸಿಕ್ಕಿತು.

ಹಲ್ಲು ತೊಳೆದು ಬಾಯಿ ಭದ್ರವಾದ ಮೇಲೆ ಚಂದಯ್ಯ ಕೇಳಿದರು: "ಅಲ್ಲ ಸುಗುಣ, ಅಂವ ಒಪ್ಪದೇ ಇದ್ರೆ ಎಷ್ಟೊತ್ತ್ ಹಂಗೇ ನೇತ್ ಹಾಕ್ತಿದ್ದೆ?"

ಸುಗುಣ ಹಗ್ಗ ಸುತ್ತುತ್ತಲೇ ಹೇಳಿದಳು: "ನೀರ್ ಅಲ್ಲೇ ಇತ್ತಲ್ದಾ ಚಂದಯ್ಯಣ್ಣ. ಊಟ ಮಾತ್ರ ಇಳ್ಸ್‌ಬೇಕಾತಿತ್ತ್."