ಹಿಮರಾಜ್ಯಕ್ಕೆ ಬಂದ ಕಾವು

ನನ್ನ ಮಗಳು ಹುಟ್ಟಿ ಬೆಳೆದದ್ದು ಗಲ್ಫಿನಲ್ಲಿ, ಮಾಹೂಝಿನ ಫ್ಲ್ಯಾಟಿನಲ್ಲಿ. ಬೇಸಿಗೆಯಲ್ಲಿ ಇಲ್ಲಿ ತಣ್ಣೀರಿನ ನಲ್ಲಿ ತಿರುಗಿಸಿದರೆ ಮಾಳಿಗೆಯ ಟ್ಯಾಂಕಿನಿಂದ ಸುಡುವ ನೀರು ಬರುತ್ತದೆ. ಅದಕ್ಕೇ ನಾವು ಗೀಸರನ್ನು ಆಫ್ ಮಾಡಿಟ್ಟು, ಅದರ ಹೊಟ್ಟೆಯಲ್ಲಿ ತಣಿದ ನೀರಿನಲ್ಲಿ ಮೀಯುತ್ತೇವೆ. ಇಂಥ ಊರಿನ ಮಗುವಿಗೆ ಬಿಸಿ ಎಂದರೆ ಶತ್ರು. ಏಸಿಯನ್ನು ಒಂದು ಡಿಗ್ರಿ ಏರಿಸಿದರೂ ಅವಳು ಜಗಳಕ್ಕೆ ಬರುತ್ತಿದ್ದಳು. ನಾನೂ ಬಿಡುವವನಲ್ಲ. ರಿಮೋಟಿಗಾಗಿ ನಮ್ಮಿಬ್ಬರ ನಡುವೆ ನಡೆದ ಯುದ್ಧಗಳಿಗೆಲ್ಲ ಹೆಂಡತಿ ಸಾಕ್ಷಿ.

ಆ ಆಗಸ್ಟಿನಲ್ಲಿ ಅವಳ ತಮ್ಮ ಹುಟ್ಟಿದ, ದಿನ ತುಂಬುವ ಮೊದಲೇ. ಸಲ್ಮಾನಿಯಾದ ಆಸ್ಪತ್ರೆಯಲ್ಲಿ ಅವನನ್ನು ಗಾಜಿನಂಥ ಪೆಟ್ಟಿಗೆಯೊಳಗೆ ಮಲಗಿಸಿದರು. ಹೊರಗೆ ಡಾಂಬರು ಮೆತ್ತಗಾಗುವಂಥ ಬಿಸಿಲು, ಒಳಗೆ ನನ್ನ ಮಗನಿಗೆ ಮೈ ಬೆಚ್ಚಗಿಟ್ಟುಕೊಳ್ಳಲು ಬರುವುದಿಲ್ಲ. ದೇವರ ಮೇಲೆ ನನಗೆ ಬಂದ ಸಿಟ್ಟು ಅಷ್ಟಿಷ್ಟಲ್ಲ. ಉಸಿರಾಟ ಸರಿಯಿದೆ, ಹಾಲು ಕುಡಿಯುತ್ತಿದ್ದಾನೆ, ಪೆಟ್ಟಿಗೆಯ ಹೊರಗೆ ಮೈಬಿಸಿ ನಿಂತರೆ ಮನೆಗೆ ಕಳಿಸುತ್ತೇವೆ ಎಂದು ಡಾಕ್ಟರು ಹೇಳಿದ್ದರು. ಅದೊಂದೇ ಬಾಕಿಯಿತ್ತು.

ನಾನು ಸೀಫಿನ ಆಫೀಸು ಮುಗಿಸಿ ಬಂದು, ದಿನಾ ಸಂಜೆ ಹೆಂಡತಿಯನ್ನು ಆಸ್ಪತ್ರೆಗೆ ಕರೆದೊಯ್ಯುತ್ತಿದ್ದೆ. ಅವಳು ಹಾಲು ಕೊಡಲು ಮೇಲೆ ಹೋಗುತ್ತಿದ್ದಳು. ಮಕ್ಕಳನ್ನು ವಾರ್ಡಿಗೆ ಬಿಡುತ್ತಿರಲಿಲ್ಲವಾದ್ದರಿಂದ ನಾನೂ ಮಗಳೂ ಪಾರ್ಕಿಂಗಿನಲ್ಲಿ, ಏಸಿ ಹಾಕಿಕೊಂಡ ಕಾರಿನಲ್ಲಿ ಕಾಯುತ್ತಿದ್ದೆವು. ಅವಳು ಮೊಬೈಲಿನಲ್ಲಿ ತಮ್ಮನ ಫೋಟೋ ನೋಡುತ್ತ ಒಮ್ಮೆ ಕೇಳಿದಳು.

"ಪಪ್ಪಾ, ಅವನನ್ನು ಹಾಟ್ ಬಾಕ್ಸಲ್ಲಿ ಎಂತಕ್ಕೆ ಇಟ್ಟದ್ದು? ಅವನಿಗೆ ಸೆಕೆ ಆಗುದಿಲ್ವಾ?"

ಅವಳ ದೃಷ್ಟಿಯಲ್ಲಿ ಅದು ಶಿಕ್ಷೆ. ಬಿಸಿ ಒಳ್ಳೆಯದು ಎಂದರೆ ನಂಬುವವಳಲ್ಲ. ಹಾಗಾಗಿ ಅವಳಿಗೆ ಜಗಳವಿಲ್ಲದ ಇನ್ನೊಂದು ಪದ ಹುಡುಕಿದೆ. ಕೋಳಿ ಮೊಟ್ಟೆಯ ಮೇಲೆ ಕೂತು ಕೊಡುತ್ತದಲ್ಲ, ಆ ಕಾವು. ಅಲ್ಲೇ ಸ್ಟಿಯರಿಂಗ್ ಹಿಡಿದುಕೊಂಡು ಒಂದು ಕಥೆ ಕಟ್ಟಿದೆ.

ಒಂದಾನೊಂದು ಹಿಮರಾಜ್ಯ. ಅಲ್ಲಿ ಕಡ್ಡಿ ಗೀರಿದರೆ ಬೆಂಕಿಯೇ ಹೆಪ್ಪುಗಟ್ಟಿ ಕೆಳಗೆ ಬೀಳುತ್ತದೆ. ಆಡಿದ ಮಾತು ಗಾಳಿಯಲ್ಲೇ ಗಟ್ಟಿಯಾಗುತ್ತದೆ, ಅದನ್ನು ಹೆಕ್ಕಿ ತಂದು ಬಾಯಿಯುಸಿರು ಊದಿದರೆ ಮಾತ್ರ ಕೇಳಿಸುತ್ತದೆ. ಬೆಂಕಿಯಿಲ್ಲದೆ ಹೊಗೆಯಾಡದು ಎನ್ನುತ್ತಾರೆ, ಅಲ್ಲಿ ಎರಡೂ ಇಲ್ಲ. ಆದರೆ ಯಾರಾದರೂ ಚಿಕ್ಕದೊಂದು ಜೀವವನ್ನು ಎದೆಗೊತ್ತಿಕೊಂಡು ಸುಮ್ಮನೆ ಕೂತರೆ ನೆಲದಡಿಯಿಂದ ಕಾವು ಬರುತ್ತದೆ. ಕಣ್ಣಿಗೆ ಕಾಣುವುದಿಲ್ಲ. ಅದು ಬಂದ ಕಡೆ ಹಿಮ ಬೆವರುತ್ತದೆ. ಯಾರಾದರೂ ಗದರಿದರೆ ಸಾಕು, ಹೊರಟುಹೋಗುತ್ತದೆ. ಈ ಕೊನೆಯ ಮಾತನ್ನು ನಾನು ಸೇರಿಸಿದ್ದು ಅವಳು ಕಾರಿನಲ್ಲಿ ಕಿರುಚಾಡದಿರಲಿ ಎಂದು.

ದಿನಾ ಅದೇ ಕಥೆ ಬೇಕೆಂದು ಹಠ ಹಿಡಿದಳು. ಕೆಲವು ದಿನಗಳ ಮೇಲೆ ಮನೆಯಲ್ಲಿ ಫ್ರಿಜ್ಜಿನ ಬಾಗಿಲಿಗೆ ಒಂದು ಚಿತ್ರ ಅಂಟಿಸಿದಳು. ಕಾಗದವೆಲ್ಲ ಬಿಳಿ, ನಡುವೆ ಕಂದು ಬಣ್ಣದ ಒಂದು ದನ, ಅದರ ಮೂಗಿನಿಂದ ಕಿತ್ತಳೆ ಗೆರೆಗಳು.

"ಇದೆಂತ? ದನ ಎಲ್ಲಿಂದ ಬಂತು?" ಎಂದೆ.

"ನೀವೇ ಹೇಳಿದ್ದಲ್ವಾ ಪಪ್ಪಾ, ಕೌ ಬರ್ತದೆ ಅಂತ."

ಇಷ್ಟು ದಿನ ನಾನು ಕಾವು ಎಂದದ್ದೆಲ್ಲ ಅವಳ ಇಂಗ್ಲಿಷ್ ಕಿವಿಗೆ ಕೌ ಎಂದೇ ಕೇಳಿಸಿತ್ತು. ಕಾಣದ ದನವೊಂದು ನೆಲದಡಿಯಿಂದೆದ್ದು ಬಂದು, ಮಕ್ಕಳ ಮೇಲೆ ಉಸಿರು ಬಿಟ್ಟು ಹೋಗುತ್ತಿತ್ತು. ಹೆಂಡತಿ ಹೊಲಿಗೆ ಹಾಕಿದ ಹೊಟ್ಟೆಯನ್ನು ಎರಡೂ ಕೈಯಲ್ಲಿ ಒತ್ತಿಕೊಂಡು ನಕ್ಕಳು. ಹೆರಿಗೆಯಾದ ಮೇಲೆ ಅವಳು ನಕ್ಕದ್ದು ಅದೇ ಮೊದಲು. ತಿದ್ದಲು ಹೊರಟವನು ಬಾಯಿ ಮುಚ್ಚಿಕೊಂಡೆ. ನನ್ನ ಕಾವಿಗಿಂತ ಅವಳ ದನವೇ ವಾಸಿ ಎನಿಸಿತು.

ಮಗುವನ್ನು ಮೊದಲ ಸಲ ಪೆಟ್ಟಿಗೆಯಿಂದ ತೆಗೆದು ತೊಟ್ಟಿಲಲ್ಲಿ ಮಲಗಿಸಿದಾಗ ಮೈಬಿಸಿ ನಿಲ್ಲಲಿಲ್ಲ. ಸಂಜೆಯೊಳಗೆ ಕೈಕಾಲು ತಣ್ಣಗಾಗಿ, ಮತ್ತೆ ಪೆಟ್ಟಿಗೆಗೇ ಹಾಕಿದರು. ಹೆಂಡತಿ ಕಾರಿಗೆ ಬಂದು ಕೂತು ದುಪಟ್ಟಾದಲ್ಲಿ ಮುಖ ಮುಚ್ಚಿಕೊಂಡಳು.

"ಕೌ ಹೋಯ್ತಾ ಪಪ್ಪಾ?" ಎಂದು ಹಿಂದಿನ ಸೀಟಿನಿಂದ ಪ್ರಶ್ನೆ.

"ಸುಮ್ಮನೆ ಕೂತ್ಕೊ" ಎಂದು ಗದರಿದೆ.

ಮಗಳು ಸಣ್ಣ ದನಿಯಲ್ಲಿ, "ನೀವು ಹೀಗೆ ಜೋರು ಮಾಡಿದ್ರೆ ಅದು ಬರುದೇ ಇಲ್ಲ" ಎಂದಳು. ಮಾಡಿದ್ದುಣ್ಣೋ ಮಹಾರಾಯ ಎಂಬ ಮಾತು ನೆನಪಾಯಿತು. ನಾನೇ ಮಾಡಿದ ಕಾನೂನು, ಎದುರಾಡುವಂತಿರಲಿಲ್ಲ. ಅಂದಿನಿಂದ ಆ ಕಾರಿನಲ್ಲಿ, ಅಡ್ಡ ನುಗ್ಗುವ ಗಾಡಿಗಳಿಗೂ ನಾನು ಬೈದಿಲ್ಲ. ಮೂಢನಂಬಿಕೆ ಎನ್ನುವವರು ಎನ್ನಲಿ. ನನಗೆ ಭಯವಾಗಿತ್ತು.

ಎರಡನೆಯ ಸಲ ಹೊರಗಿಟ್ಟ ಮರುದಿನ, ನಾವು ಪಾರ್ಕಿಂಗಿನಲ್ಲಿರುವಾಗ ಕಾರಿನ ಸ್ಪೀಕರಿನಲ್ಲಿ ಹೆಂಡತಿಯ ಫೋನ್ ಬಂತು. ಹಲೋ ಎಂದವಳೇ ಅವಳು ಫೋನನ್ನು ಪಕ್ಕದಲ್ಲಿದ್ದ ನರ್ಸಿಗೆ ಕೊಟ್ಟಳು. ಕಾರ್ಕಳದ ಕಡೆಯವರು, ಮನೆಮಾತು ಕೊಂಕಣಿ, ನಮ್ಮೊಡನೆ ಕನ್ನಡ.

"ನಿನ್ನೆಯಿಂದ ಹೊರಗೇ ಉಂಟು ಮಗು. ಮೈ ಬೆಚ್ಚಗೆ ಉಂಟು. ಇನ್ನು ಪೆಟ್ಟಿಗೆ ಬೇಡ ಮಾರಾಯ್ರೆ."

ಮಗಳು ಎರಡು ಸೀಟುಗಳ ನಡುವೆ ತಲೆ ತೂರಿಸಿ, "ಸಿಸ್ಟರ್, ಕೌ ಬಂತಾ?" ಎಂದಳು. ಹೆಂಡತಿ ಅವರಿಗೆ ಕಥೆಯನ್ನೆಲ್ಲ ಹೇಳಿದ್ದಿರಬೇಕು.

"ಬಂತು ಬಂತು. ಇಲ್ಲೇ ನಿಂತಿದೆ."

ಹೋದ ಜೀವ ಬಂದ ಹಾಗಾಯಿತು. ಸ್ಟಿಯರಿಂಗಿಗೆ ಹಣೆ ಕೊಟ್ಟು ಅತ್ತುಬಿಟ್ಟೆ. ಮಗಳು ನನ್ನ ಬೆನ್ನು ತಟ್ಟುತ್ತಿದ್ದಳು.

ಮಗ ಮನೆಗೆ ಬಂದ ಮಧ್ಯಾಹ್ನ ಹೆಂಡತಿ ಅವನನ್ನು ಎದೆಗೊತ್ತಿಕೊಂಡು ಸೋಫಾದಲ್ಲಿ ಕೂತಿದ್ದಳು. ಮಗಳು ಬಂದಳು, ತಾಯಿಯನ್ನೂ ತಮ್ಮನನ್ನೂ ಸ್ವಲ್ಪ ಹೊತ್ತು ನೋಡಿದಳು, ಆಮೇಲೆ ರಿಮೋಟ್ ಎತ್ತಿಕೊಂಡು ಏಸಿ ಆಫ್ ಮಾಡಿದಳು. ಅವಳು, ತಾನಾಗಿ. ನಾನೂ ಹೆಂಡತಿಯೂ ಮುಖ ಮುಖ ನೋಡಿಕೊಂಡೆವು. ಸ್ವಲ್ಪ ಹೊತ್ತಿನಲ್ಲೇ ಎಲ್ಲರ ಕತ್ತಿನಲ್ಲೂ ಬೆವರು ಇಳಿಯತೊಡಗಿತು. ಮಗಳ ಮುಂಗೂದಲು ಹಣೆಗೆ ಅಂಟಿಕೊಂಡಿತ್ತು, ಆದರೂ ಕದಲಲಿಲ್ಲ.

"ಏಸಿ ಹಾಕ್ಲಾ?" ಎಂದೆ ನಾನು.

"ಮೆಲ್ಲ ಮಾತಾಡಿ ಪಪ್ಪಾ," ಎಂದಳು, "ಕೌ ಈಗಷ್ಟೆ ಮಲಗಿದ್ದು."