ಸೆಣಬಿನ ಹಡಗಿನಲ್ಲಿ ಅತ್ತೆಯ ಜೊತೆ

ಊರಿಂದ ಬಂದ ಅತ್ತೆಯನ್ನು ಮೊದಲು ಸೀರೆ ಅಂಗಡಿಗಳಿಗೆ ಹೆಸರಾದ ಐಸೆಲಿನ್‌ಗೆ ಕರೆದೊಯ್ಯುವುದು ಅಮೆರಿಕದ ನಮ್ಮ ಪ್ಲೇನ್ಸ್‌ಬರೋ ಊರಿನ ಸೊಸೆಯಂದಿರ ವಾಡಿಕೆ. ನಮ್ಮತ್ತೆ ಮಾತ್ರ ಮುಖ ತಿರುಗಿಸಿದರು. "ಸೀರೆ ಕುಂದಾಪುರದಲ್ಲೂ ಉಂಟು. ನ್ಯೂಯಾರ್ಕ್‌ನಲ್ಲಿ ಬ್ರಿಟಿಷರ ಹಾಯಿಹಡಗು ಉಂಟಂತಲ್ಲ, ಅದನ್ನು ತೋರ್ಸು ಮಾರಾಯ್ತಿ."

ಅದಕ್ಕೆ ಕಾರಣವಿತ್ತು. ಅವರ ಅಜ್ಜ ಮುಂಬಯಿಯಲ್ಲಿ ಇಂಥದೇ ವ್ಯಾಪಾರಿ ಹಡಗಿಗೆ ಖಲಾಸಿಯಾಗಿ ಹತ್ತಿದವರು ಹಿಂತಿರುಗಲಿಲ್ಲ. ಸುದ್ದಿಯೂ ಬರಲಿಲ್ಲ. ಅಜ್ಜಿ ಕುಂಕುಮ ಅಳಿಸಲು ಒಪ್ಪಲಿಲ್ಲ. ಆಕೆ ತೀರಿಕೊಂಡ ಮೇಲೂ ಅಜ್ಜನಿಗೆ ಎಳ್ಳುನೀರು ಬಿಡುವ ಧೈರ್ಯ ಮನೆಯಲ್ಲಿ ಯಾರಿಗೂ ಬರಲಿಲ್ಲ. ಬದುಕಿದ್ದರೆ ನೂರು ದಾಟಿ ಎಷ್ಟೋ ಆಗಿರಬೇಕು, ಆದರೂ ಮಹಾಲಯದಲ್ಲಿ ಅವರ ಹೆಸರನ್ನು ಯಾರೂ ಎತ್ತುತ್ತಿರಲಿಲ್ಲ. ಹಡಗು ಕಣ್ಣಾರೆ ಕಂಡರೆ ತನಗೊಂದು ತೀರ್ಮಾನ ಸಿಗುತ್ತದೆ ಎಂಬುದು ಅತ್ತೆಯ ಹಠ.

ಶನಿವಾರ ಪ್ರಿನ್ಸ್‌ಟನ್ ಜಂಕ್ಷನ್‌ನಲ್ಲಿ ರೈಲು ಹತ್ತಿದೆವು. ನ್ಯೂಯಾರ್ಕ್‌ನ ಪೆನ್ ಸ್ಟೇಷನ್‌ನಲ್ಲಿ ಸಬ್‌ವೇ ಹಿಡಿದು ಫುಲ್ಟನ್ ಸ್ಟ್ರೀಟ್‌ನಲ್ಲಿ ಇಳಿದು ನಡೆದೆವು. ಏಪ್ರಿಲ್ ಆದರೂ ಈಸ್ಟ್ ರಿವರ್‌ನ ಗಾಳಿ ಕಿವಿ ಕೊರೆಯುತ್ತಿತ್ತು. ಕಟ್ಟಿಕೊಂಡು ಹೋಗಿದ್ದ ಚಪಾತಿ ಪಲ್ಯವನ್ನು ದಾರಿಯಲ್ಲೇ ಮುಗಿಸಿದೆವು.

ಕಟ್ಟಡಗಳ ಸಾಲು ಮುಗಿದದ್ದೇ, ಈಗ ಮ್ಯೂಸಿಯಂ ಆಗಿರುವ ಹಡಗು ಎದುರಾಯಿತು. ಕಬ್ಬಿಣದ ಒಡಲು, ಮೂರು ಹಾಯಿಕಂಬ. ಈ ಊರಿನ ಎತ್ತರಕ್ಕೆ ಬೆರಗಾಗುವುದನ್ನು ಎಂದೋ ಮರೆತಿದ್ದ ನಾನು ಕತ್ತೆತ್ತಿ ನಿಂತುಬಿಟ್ಟೆ. ಕಲ್ಕತ್ತೆಯ ಕಡೆಯಿಂದ ಸೆಣಬು ಹೊತ್ತು, ಆಫ್ರಿಕದ ತುದಿ ಸುತ್ತಿ, ಬರೀ ಗಾಳಿಯನ್ನು ನಂಬಿ ಸ್ಕಾಟ್ಲೆಂಡ್ ಸೇರುತ್ತಿತ್ತಂತೆ! ಹಡಗು ಹತ್ತಿ ಒಳಗಿಳಿದೆವು. ಸರಕು ತುಂಬುತ್ತಿದ್ದ ಹೊಟ್ಟೆ ಈಗ ಖಾಲಿ. ನಮ್ಮ ಅಪಾರ್ಟ್‌ಮೆಂಟಿನ ಒಂದಿಡೀ ಸಾಲು ಅದರೊಳಗೆ ಹಿಡಿಸೀತು ಅನಿಸಿತು. ಅಲ್ಲಿ ಇಬ್ಬರೂ ನಾವಾಗಿಯೇ ದನಿ ತಗ್ಗಿಸಿದೆವು.

ಮೇಲೆ ಬಂದಾಗ ಹಡಗು ತೋರಿಸುತ್ತಿದ್ದ ಅಮೆರಿಕನ್ ಮಹಿಳೆ ಕಂಬದ ತುದಿಯತ್ತ ಕೈ ಮಾಡಿ, ಹಾಯಿ ಮಡಚಲು ಖಲಾಸಿಗಳು ಅಲ್ಲಿಗೆ ಹತ್ತುತ್ತಿದ್ದರು ಎಂದರು.

"ಬಿರುಗಾಳಿಯಲ್ಲೂ ಹತ್ತುದಾ? ಕೇಳು," ಎಂದರು ಅತ್ತೆ.

ಕೇಳಿದೆ. ಬಿರುಗಾಳಿಯಲ್ಲೇ ಹತ್ತಬೇಕಿತ್ತಂತೆ.

"ಬಿದ್ರೆ?"

ಹಡಗನ್ನು ತಿರುಗಿಸಿ ತರುವಷ್ಟರಲ್ಲಿ ನೀರಿನಲ್ಲಿ ಯಾರೂ ಕಾಣುತ್ತಿರಲಿಲ್ಲ ಎಂದರು ಆಕೆ. ನಾನು ಅದನ್ನು ಆದಷ್ಟು ಮೆತ್ತಗೆ ಕನ್ನಡಕ್ಕೆ ತಂದೆ. ಆಕೆಯ ಮುಖ ನೋಡಿಯೇ ಅತ್ತೆಗೆ ಎಲ್ಲ ಅರ್ಥವಾಗಿತ್ತು.

ಅತ್ತೆ ಹಡಗಿನ ಅಂಚಿಗೆ ನಡೆದು ಪರ್ಸ್‌ನಿಂದ ಎಳ್ಳಿನ ಪೊಟ್ಟಣ ತೆಗೆದರು. ನಮ್ಮಲ್ಲಿ ಹೆಂಗಸರು ಎಳ್ಳುನೀರು ಬಿಡುವ ಪದ್ಧತಿಯಿಲ್ಲ. "ಅತ್ತೆ, ಇವರಿಗೆ ಫೋನ್ ಮಾಡ್ಲಾ? ನಾಳೆ ಬಂದು ಅವರೇ ಎಳ್ಳುನೀರು ಬಿಡ್ತಾರೆ," ಎಂದು ನನ್ನ ಗಂಡನ ಹೆಸರಿನಲ್ಲಿ ತಡೆದು ನೋಡಿದೆ.

"ಗಂಡಸರು ನೂರು ವರ್ಷ ಯೋಚನೆ ಮಾಡಿ ಆಯ್ತಲ್ಲ. ನೀನು ನೀರಿನ ಬಾಟ್ಲಿ ಹಿಡಿ."

ನನಗೆ ನಗುವೂ ಬಂತು, ಕಣ್ಣೂ ತುಂಬಿತು. ನಾನು ಸುರಿದ ನೀರು ಎಳ್ಳಿನ ಜೊತೆ ಅವರ ಹೆಬ್ಬೆರಳ ಬದಿಯಿಂದ ಹೊಳೆಗೆ ಇಳಿಯಿತು. ಅತ್ತೆ ಸೆರಗಿಗೆ ಕೈ ಒರೆಸಿಕೊಂಡು ಬಹಳ ಹೊತ್ತು ಕಂಬದ ತುದಿಯನ್ನೇ ನೋಡಿದರು.

"ಅಜ್ಜಾ, ಸಾಕು," ಎಂದರು. "ಇನ್ನು ಕೆಳಗೆ ಇಳೀರಿ."