ಭಾವನ ಕ್ಲಿನಿಕ್ಕಿನ ಹಕ್ಕಿ ಡ್ಯಾನ್ಸು

ಹಕ್ಕಿಗಳು ಡ್ಯಾನ್ಸ್ ಮಾಡುವುದನ್ನು ನೀವು ನೋಡಿದ್ದೀರಾ? ರಾಯಚೂರಿನಲ್ಲಿರುವ ನನ್ನ ಭಾವನ ಹಲ್ಲಿನ ಕ್ಲಿನಿಕ್ಕಿಗೆ ಹೋಗಿ. ಪುಕ್ಕಟೆ ತೋರಿಸುತ್ತಾರೆ.

ವೇಟಿಂಗ್ ಹಾಲ್‌ನಲ್ಲಿ ಒಂದು ಪಂಜರ. ಒಳಗೆ ಎರಡು ಲವ್ ಬರ್ಡ್ಸ್, ಒಂದು ಹಸಿರು, ಒಂದು ನೀಲಿ. ಮೇಲೆ ಸಣ್ಣ ಸ್ಪೀಕರು. ಪಂಜರದ ಹಕ್ಕಿಗೆ ಬೇಜಾರಾಗುತ್ತದೆ, ಕಾಡಿನ ಸದ್ದು ಕೇಳಿಸಿದರೆ ಖುಷಿಯಾಗಿರುತ್ತದೆ ಎಂದು ಭಾವ ಮೊಬೈಲಿನಲ್ಲಿ ಓದಿದ್ದರು. (ಪಂಜರವೇ ಬೇಡ ಎಂದು ಅಲ್ಲಿ ಯಾರೂ ಬರೆದಿರಲಿಲ್ಲವೇನೋ.)

ನಾನು ಹೋದ ದಿನ ಸ್ಪೀಕರಿನಲ್ಲಿ ನೀರಿನ ಜುಳುಜುಳು, ಕೋಗಿಲೆ, ಗಾಳಿ. ಇದ್ದಕ್ಕಿದ್ದಂತೆ ಒಂದು ಉದ್ದನೆಯ ಸಿಳ್ಳೆ. ಅಷ್ಟೇ, ಎರಡೂ ಹಕ್ಕಿ ಪಟಪಟನೆ ಹಾರಿ ಈ ಸರಳಿಗೂ ಆ ಸರಳಿಗೂ ಬಡಿದುಕೊಂಡವು. ಹಲ್ಲುನೋವಿಗೆ ಅಳುತ್ತಿದ್ದ ಹುಡುಗಿಯೊಬ್ಬಳು ಅಳು ನಿಲ್ಲಿಸಿ ನಕ್ಕಳು.

"ನೋಡು, ಹೆಂಗ ಡ್ಯಾನ್ಸ್ ಮಾಡ್ಲಿಕ್ಕತ್ತಾವ. ವಿಡಿಯೋ ತಕ್ಕೋ," ಅಂದರು ಭಾವ. ತೆಗೆದುಕೊಂಡೆ.

ದೇವದುರ್ಗಕ್ಕೆ ವಾಪಸ್ ಬಂದು, ಅಂಗಳದ ಹೊರಸಿನ ಮೇಲೆ ಕೂತು ಮೊಬೈಲಿನಲ್ಲಿ ಆ ವಿಡಿಯೋ ಹಾಕಿದೆ. ಸಿಳ್ಳೆ ಬಂತು. ಪಕ್ಕದ ಮನೆ ಯಲ್ಲವ್ವನ ಕೋಳಿ ಒದರುತ್ತಾ ಮರಿಗಳನ್ನೆಲ್ಲ ಕರೆದುಕೊಂಡು ನನ್ನ ಹೊರಸಿನ ಕೆಳಗೆ ನುಗ್ಗಿತು. ಹಿಂದೆಯೇ ಯಲ್ಲವ್ವ ಕೋಲು ಹಿಡಿದು ಓಡಿಬಂದು ಆಕಾಶ ನೋಡತೊಡಗಿದಳು.

"ಹದ್ದು ಒದರಾಕತ್ತಿತ್ತಲ್ರಿ, ಎತ್ತಾಗ ಹೋತು?"

ಹದ್ದು ನನ್ನ ಕೈಯಲ್ಲೇ ಇತ್ತು.

ಹಕ್ಕಿಗೆ ಸದ್ದು ಕೇಳಿಸುವುದು ತಪ್ಪಲ್ಲ ಸ್ವಾಮಿ. ಕೇಳಿಸಿದ ಮೇಲೆ ಒಮ್ಮೆ ಅದರ ಕಡೆ ನೋಡಬೇಕು. ಆ ಪುರುಸೊತ್ತು ನಮಗೆಲ್ಲಿದೆ? ಮದುವೆ ಮೆರವಣಿಗೆಯಲ್ಲಿ ಡಿಜೆ ಹಚ್ಚಿ, ಕಿವಿ ಮುಚ್ಚಿಕೊಂಡು ಕೂತವರಿಗೂ "ಎಂಜಾಯ್ ಮಾಡ್ರಿ" ಎನ್ನುವ ಜನ ನಾವು. ಖುಷಿ ಕೊಟ್ಟವರು ನಾವಾದ ಮೇಲೆ ಅವರು ಖುಷಿಪಡಲೇಬೇಕು.

ಭಾವನಿಗೆ ಫೋನ್ ಮಾಡಿದೆ. ಅದು ಹದ್ದಿನ ಕೂಗು, ಹಕ್ಕಿಗಳು ಜೀವಭಯದಿಂದ ಒದ್ದಾಡುತ್ತಿವೆ, ಇವತ್ತೇ ತೆಗೆಯಿರಿ ಎಂದೆ.

"ಅವು ಸುಮ್ನ ಕೂತ್ರ ಹುಡುಗ್ರು ಅಳ್ತಾವಪ್ಪ. ಹಾರಾಡ್ಲಿ ಬಿಡು, ಎಕ್ಸರ್‌ಸೈಜ್ ಆಗ್ತದ."

ಸಿಟ್ಟು ನೆತ್ತಿಗೇರಿತು. ಆದರೆ ಅಕ್ಕನ ಗಂಡ. ಫೋನ್ ಇಟ್ಟೆ.

ಮೊನ್ನೆ ಮಾನ್ವಿಯಲ್ಲಿ ನೆಂಟರ ಮನೆ ಮುಂಜಿವೆ ಮುಗಿಸಿ ರಾಯಚೂರಿಗೆ ಹೋದೆ. ನೀಲಿ ಹಕ್ಕಿಯ ಎದೆಯ ಮೇಲೆ ಪುಕ್ಕಗಳಿಲ್ಲ, ತಾನೇ ಕಿತ್ತುಕೊಂಡಿದೆ. ಹಸಿರಿನ ಜಾಗದಲ್ಲಿ ಒಂದು ಹಳದಿ ಹಕ್ಕಿ.

"ಹಸರಂದು ಬಿಸಲಿಗೆ ಸತ್ತದ. ನಮ್ಮ ರಾಯಚೂರು ಬಿಸಲು ಗೊತ್ತದಲ್ಲ," ಅಂದರು ಭಾವ. (ಹಾಲ್‌ನಲ್ಲಿ ಎಸಿ ಇತ್ತು. ನನಗೇ ಚಳಿಯಾಗುತ್ತಿತ್ತು.)

ಅಷ್ಟರಲ್ಲಿ ಸ್ಪೀಕರಿನ ಹದ್ದು ಕೂಗಿತು. ಹಳದಿ ಹಕ್ಕಿ ಹಾರಿ ಸರಳಿಗೆ ತಲೆ ಬಡಿದುಕೊಂಡಿತು. ನೀಲಿ ಹಾರಲೂ ಇಲ್ಲ, ಮೂಲೆಯಲ್ಲಿ ಕಣ್ಣು ಮುಚ್ಚಿ ಕೂತಿತ್ತು.

"ನೋಡಿದ್ಯಾ? ಹೊಸದಕ್ಕೂ ಈ ಡ್ಯಾನ್ಸ್ ಎಷ್ಟು ಲಗೂನ ಸೇರ್ತು," ಅಂದರು ಭಾವ.

ಇದೇ ಕಣ್ಣಿನಿಂದಲೇ ಅಲ್ಲವೇ ಅವರು ದಿನವಿಡೀ ಮಕ್ಕಳ ಬಾಯಲ್ಲಿ ನೋವು ಎಲ್ಲಿದೆ ಎಂದು ಹುಡುಕುವುದು?